ಸುತ್ತುನಾಡಿನ ತಾರೀಖು

ಮೊನ್ನೆ ಇಂಡಿ ಊರಿನ ಸಂತೆಯಲ್ಲಿ ಲಿಂಬೆಹಣ್ಣು ಆರಿಸುತ್ತ ನಿಂತಿದ್ದೆ. ಪಕ್ಕದಲ್ಲಿದ್ದವರೊಬ್ಬರು ನನ್ನ ಮುಖವನ್ನೇ ನೋಡುತ್ತಿದ್ದು, ಕೊನೆಗೆ, ನೀವು ನಮ್ಮೂರ ಸಾಲಿಯಲ್ಲಿ ಅಕ್ಕೋರಾಗಿದ್ದಿರಲ್ಲ ಎಂದು ಕೇಳಿದರು. ನಮ್ಮ ಆಗಿನ ಹೆಡ್‌ಮಾಸ್ತರರ ಮಗ. ಅವರಿವರ ಸುದ್ದಿ ಮಾತಾಡುತ್ತ, ನಿಮ್ಮ ಜೊತೆಗಿದ್ದ ಆ ಇನ್ನೊಬ್ಬ ಮಾಸ್ತರರು ತೀರಿಕೊಂಡು ವರ್ಷವಾಗುತ್ತ ಬಂತು ಎಂದರು. ನನಗೆ ಯಾರೂ ತಿಳಿಸಿರಲಿಲ್ಲ. ತಿಳಿಸುವವರಾದರೂ ಯಾರಿದ್ದಾರೆ? ಮನೆಗೆ ಬಂದು ಹಣ್ಣಿನ ಚೀಲವನ್ನು ಅಡುಗೆಮನೆಯಲ್ಲಿಟ್ಟು ಇದನ್ನು ಬರೆಯಲು ಕುಳಿತೆ. ಜೀವಮಾನವೆಲ್ಲ ಮಾಸ್ತರಿಕೆ ಮಾಡಿದವಳು ನಾನು. ಒಳ್ಳೊಳ್ಳೆಯ ಶಿಕ್ಷಕರನ್ನು ಕಂಡಿದ್ದೇನೆ. ಆದರೆ ಒಬ್ಬ ಮನುಷ್ಯ ನನ್ನ ಕಣ್ಣೆದುರಿಗೇ ಒಂದು ಲೋಕವನ್ನು ಮಾಡಿ ನಿಲ್ಲಿಸಿದ್ದನ್ನು ಕಂಡದ್ದು ಅಲ್ಲೊಂದೇ ಸಲ.

ಎಪ್ಪತ್ತರ ದಶಕದ ನಡುವಿನ ಮಾತು. ನನ್ನ ತವರು ಲಚ್ಯಾಣ. ಮೊದಲ ನೇಮಣೂಕು ಬಸವನ ಬಾಗೇವಾಡಿ ತಾಲೂಕಿನ ಒಂದು ಹಳ್ಳಿಗೆ ಆಯಿತು. ಮಸೂತಿಯ ಕಡೆ ಹೋಗುವ ದಾರಿಯಲ್ಲಿ ಬಸ್ಸಿಳಿದು, ಎರೆಹೊಲದ ನಡುವಿನ ಗಾಡಿದಾರಿಯಲ್ಲಿ ನಡೆಯಬೇಕು. ಮಳೆ ಬಿದ್ದರೆ ಚಪ್ಪಲಿ ಕೈಯಲ್ಲಿ. ಸಾಲಿಯಲ್ಲಿ ಇದ್ದವರು ಹೆಡ್‌ಮಾಸ್ತರರು, ನಾನು, ಮತ್ತು ಎಲ್ಲರೂ ಬರೀ ‘ಮಾಸ್ತರರು’ ಎನ್ನುತ್ತಿದ್ದ ಇವರು.

ಎತ್ತರದ ಆಳು. ಕಪ್ಪು ಬಣ್ಣ, ಸಣಕಲು ಮೈ, ಉದ್ದನೆಯ ಕಾಲು. ಧೋತರದ ಚುಂಗನ್ನು ಯಾವಾಗಲೂ ಸ್ವಲ್ಪ ಮೇಲಕ್ಕೆ ಸಿಕ್ಕಿಸಿಕೊಂಡಿರುತ್ತಿದ್ದರು, ಈಗಲೇ ಎಲ್ಲಿಗೋ ಹೊರಡುವವರ ಹಾಗೆ. ಪಗಾರಕ್ಕೆ ಬಾಗೇವಾಡಿಗೆ ಹೋಗಬೇಕಾದಾಗ ನಾವು ಬಸ್ಸಿನ ದಾರಿ ಕಾಯುತ್ತಿದ್ದರೆ ಅವರು ನಡೆದೇ ಹೋಗಿ ನಮಗಿಂತ ಮೊದಲು ಕಚೇರಿಯ ಕಟ್ಟೆಯ ಮೇಲಿರುತ್ತಿದ್ದರು. ಬಿಡುವು ಮುಗಿದಾಗ ಗಂಟೆ ಬಾರಿಸಲು ಅವರಿಗೆ ಮನಸ್ಸಿಲ್ಲ. ಬಯಲಲ್ಲಿ ನಿಂತು ನಾಲಿಗೆಯನ್ನು ಮಡಚಿ ಒಂದು ಸದ್ದು ಹೊರಡಿಸುತ್ತಿದ್ದರು. ಕುರುಬರು ಚದುರಿದ ಕುರಿಗಳನ್ನು ಕೂಡಿಸುವಾಗ ಮಾಡುವ ಸದ್ದು. ಎಲ್ಲೆಲ್ಲಿಂದಲೋ ಹುಡುಗರು ಓಡಿಬಂದು ಅವರ ಸುತ್ತ ಕೂಡುತ್ತಿದ್ದರು. ಕುರಿ ಕಾಯುವ ಮನೆತನದಿಂದ ಬಂದವರು ಅವರು. ಮಳೆಗಾಲದಲ್ಲಿ ಈ ಕಡೆ, ಬೇಸಿಗೆಗೆ ಮುದ್ದೇಬಿಹಾಳದ ಕಡೆ ಕೃಷ್ಣೆಯ ದಂಡೆಗೆ, ಹೀಗೆ ವರ್ಷವೆಲ್ಲ ನಡೆಯುವ ಮಂದಿ. ಆ ಮನೆಯಲ್ಲಿ ಅಕ್ಷರ ಕಲಿತವರು ಇವರೊಬ್ಬರೇ, ಅದೂ ಮೀಸೆ ಮೂಡುವ ಹೊತ್ತಿಗೆ ಸಾಲಿಗೆ ಬಂದು.

ಶನಿವಾರ ಮುಂಜಾನೆಯ ಸಾಲಿ. ಅವತ್ತಿನ ಕೊನೆಯ ತಾಸು ಅವರು ಐದನೇ ಇಯತ್ತೆಯ ಮಕ್ಕಳಿಗೆ ಕಥೆ ಹೇಳುತ್ತಿದ್ದರು. ನನ್ನ ವರ್ಗಕ್ಕೂ ಅವರ ವರ್ಗಕ್ಕೂ ನಡುವೆ ಒಂದು ತಟ್ಟಿ ಮಾತ್ರ. ನಾನೂ ನನ್ನ ಮಕ್ಕಳೂ ಮೊದಮೊದಲು ಕದ್ದು ಕೇಳುತ್ತಿದ್ದೆವು. ಆಮೇಲೆ ತಟ್ಟಿಯನ್ನೇ ಸರಿಸಿಬಿಟ್ಟೆವು.

ಆ ಕಥೆ ಒಂದೇ ಕಥೆ. ಅದು ಸುತ್ತುನಾಡಿನ ಕಥೆ. ಆ ನಾಡಿನ ನಡುವೆ ಮುಗಿಲಮೇಟಿ ಎಂಬ ಬೆಟ್ಟವಿದೆ. ಕಣದ ನಡುವೆ ನೆಟ್ಟ ಮೇಟಿಯ ಸುತ್ತ ಎತ್ತುಗಳು ತಿರುಗುವ ಹಾಗೆ ಆ ನಾಡಿನ ಜನವೆಲ್ಲ ಬೆಟ್ಟದ ಸುತ್ತ ನಡೆಯುತ್ತಿರುತ್ತಾರೆ. ಅಲ್ಲಿ ಸೂರ್ಯ ಹುಟ್ಟುವುದಿಲ್ಲ, ಮುಳುಗುವುದೂ ಇಲ್ಲ. ಅದನ್ನು ಬೆಟ್ಟದ ತುದಿಗೆ ಕಟ್ಟಿಹಾಕಿದೆ. ಚಂದ್ರ ಎರಡು. ಅವು ಕುರಿಹಿಂಡಿನ ನಾಯಿಗಳಂತೆ, ಒಂದು ಜನರ ಮುಂದೆ ಓಡುತ್ತ, ಇನ್ನೊಂದು ಹಿಂದೆ ಉಳಿಯುತ್ತ, ಜೊತೆಗೇ ಬರುತ್ತವೆ. ಹಗಲು ರಾತ್ರಿ ಇಲ್ಲದ ಮೇಲೆ ತಾರೀಖು ಎಲ್ಲಿಂದ ಬರಬೇಕು? ಹೀಗಾಗಿ ಅವರಿಗೆ ದಾರಿಯೇ ಪಂಚಾಂಗ. ಮೊದಲ ತಂಗುದಾಣ ಹಾಲ್ಬೆಳಕು, ಅಲ್ಲಿಯ ಬಿಸಿಲು ಹಾಲಿನ ಬಣ್ಣ. ಆಮೇಲೆ ಅರಿಷಿಣಗೇರಿ, ಗಾಳಿಬಾಯಿ, ಎರಡುಬಾವಿ, ಪಿಸುಗಲ್ಲು, ನೀಲಿಹೊಳೆ. ಇವೇ ತಿಂಗಳುಗಳು. ಒಂದೊಂದರ ನಡುವೆ ಸಣ್ಣ ಸಣ್ಣ ನೆಲೆಗಳು, ಅವು ದಿನಗಳು. ಸುತ್ತಿ ಮತ್ತೆ ಹಾಲ್ಬೆಳಕಿಗೆ ಬಂದರೆ ವರ್ಷ.

ವರ್ಗದ ಹಿಂದಿನ ಗೋಡೆಗೆ ಕಪ್ಪು ಬಳಿದು ಅದರ ಮೇಲೆ ಸುಣ್ಣದ ಕಡ್ಡಿಯಿಂದ ಆ ದಾರಿಯನ್ನು ದೊಡ್ಡ ಬಳೆಯಂತೆ ಬರೆದಿದ್ದರು. ಇವತ್ತು ಜನ ಎಲ್ಲಿದ್ದಾರೋ ಅಲ್ಲಿ ಒಂದು ಬಿಳಿ ಬೊಟ್ಟು. ಮುಂದಿನ ಹಲಗೆಯ ಮೇಲೆ ಸರಕಾರದ ತಾರೀಖು, ಹಿಂದಿನ ಗೋಡೆಯ ಮೇಲೆ ಸುತ್ತುನಾಡಿನ ತಾರೀಖು. ಮಕ್ಕಳಿಗೆ ಎರಡೂ ಬಾಯಿಪಾಠ.

ಸಿದ್ದ್ಯಾ ಎಂಬ ತಂಟೆಕೋರ ಹುಡುಗನೊಬ್ಬ ಒಮ್ಮೆ ಎದ್ದುನಿಂತು, ಆ ನಾಡಿನಲ್ಲಿ ‘ಮದುವೆ ಯಾವಾಗ’ ಎಂದು ಹೇಗೆ ಕೇಳುತ್ತಾರೆ ಎಂದ.

“ಯಾವಾಗ ಅನ್ನೂ ಮಾತ ಅಲ್ಲಿಲ್ಲಪಾ. ಮದಿವಿ ಎಲ್ಲಿ ಅಂತ ಕೇಳ್ತಾರ,” ಎಂದರು ಮಾಸ್ತರರು. “ನಿನ್ನೆ ಅಂದ್ರ ಹಿಂದ ಬಿಟ್ಟ ಬಂದ ಜಾಗಾ. ನಾಳೆ ಅಂದ್ರ ಮುಂದ ಕಾಣಾಕತ್ತಿದ್ದು.”

ನಾನು ಕೈಯಲ್ಲಿದ್ದ ಪುಸ್ತಕ ಮುಚ್ಚಿದೆ. ಕಾಲೇಜಿನಲ್ಲಿ ಕಾಲದ ಬಗ್ಗೆ ಏನೇನೋ ಕೇಳಿದ್ದೆ. ಅದು ಕೈಯಿಂದ ಮುಟ್ಟಬಹುದಾದ ವಸ್ತು ಎಂದು ನನಗೆ ಅನ್ನಿಸಿದ್ದು ಆ ಶನಿವಾರ.

ಆಗಿನ ಹಾಜರಿಪುಸ್ತಕ ನೋಡಿದರೆ ನಮ್ಮ ಹೆಚ್ಚುಕಡಿಮೆ ಎಲ್ಲ ಮಕ್ಕಳ ಜನ್ಮದಿನ ಜೂನ್ ಒಂದು. ಸಾಲಿಗೆ ಹಾಕಲು ಬಂದವರು ತಾರೀಖು ಗೊತ್ತಿಲ್ಲವೆಂದರೆ ಹಾಗೆ ಬರೆದುಕೊಳ್ಳುವುದು ರೂಢಿ. ಮಾಸ್ತರರದೂ ಅದೇ ತಾರೀಖು. ಅವರು ಒಂದು ಬೇಸಿಗೆಯಲ್ಲಿ ಮನೆಮನೆಗೆ ಹೋಗಿ ತಾಯಂದಿರನ್ನು ಕೂಡ್ರಿಸಿಕೊಂಡು, ಈ ಕೂಸು ಹುಟ್ಟಿದಾಗ ಹೊಲದಲ್ಲಿ ಏನು ನಡೆದಿತ್ತು, ಗಾಳಿ ಯಾವ ಕಡೆಯಿಂದ ಬೀಸುತ್ತಿತ್ತು ಎಂದು ಕೇಳಿದರು. ಒಬ್ಬಾಕೆ ಕುಸುಬೆ ಕೀಳುವಾಗ ಎಂದಳು. ಇನ್ನೊಬ್ಬಾಕೆ, ಬೇವಿನ ಹೂವು ಅಂಗಳದ ತುಂಬ ಬಿದ್ದಿತ್ತು, ಗುಡಿಸಲು ಆಗದೆ ಹಾಗೇ ಬಿಟ್ಟಿದ್ದೆ ಎಂದು ನೆನೆಸಿಕೊಂಡು ನಕ್ಕಳು. ಅದನ್ನೆಲ್ಲ ಕೇಳಿ ಬಂದು ಒಂದೊಂದು ಮಗುವಿಗೂ ಸುತ್ತುನಾಡಿನ ದಾರಿಯಲ್ಲಿ ಒಂದೊಂದು ನೆಲೆ ಕೊಟ್ಟರು. ಬೊಟ್ಟು ಆ ನೆಲೆಗೆ ಬಂದ ದಿನ ಆ ಮಗುವಿನ ಹುಟ್ಟು. ಅವತ್ತು ಅದು ನೆಲಕ್ಕೆ ಕಾಲಿಡಬಾರದು. ಉಳಿದವರು ಹೊತ್ತುಕೊಂಡು ಬಯಲು ಸುತ್ತಬೇಕು. ಜೂನ್ ಒಂದರ ಮಕ್ಕಳು ವರ್ಷವಿಡೀ ಒಬ್ಬರಾದ ಮೇಲೊಬ್ಬರು ಹೆಗಲೇರುವುದನ್ನು ನೋಡುತ್ತ ನಾನು ಬಾಗಿಲಲ್ಲಿ ನಿಂತಿರುತ್ತಿದ್ದೆ.

ಆ ನಾಡಿಗೆ ಇನ್ನೊಂದು ಕಟ್ಟಳೆ ಇತ್ತು. ಯಾರಾದರೂ ನಡೆಯಲಾರದೆ ಬಿದ್ದರೆ ಎಲ್ಲರೂ ನಿಲ್ಲಬೇಕು. ನಡೆಯದಿದ್ದ ಮೇಲೆ ತಾರೀಖು ಬದಲಾಗುವಂತಿಲ್ಲ. ಅವರು ಏಳುವವರೆಗೆ ಇವತ್ತು ಇವತ್ತೇ.

ಪಂಚಮಿಯ ಜೋಕಾಲಿ ಇಳಿಸಿದ ಮೇಲೆ ನೀಲವ್ವ ಎಂಬ ಹುಡುಗಿ ಜ್ವರ ಬಂದು ಮಲಗಿದಳು. ಐದನೇ ಇಯತ್ತೆಯವಳು, ಹೊಲಮನೆ ಚೆನ್ನಾಗಿದ್ದ ಮನೆತನದ ಒಬ್ಬಳೇ ಮಗಳು. ಬಾಗೇವಾಡಿಯ ಡಾಕ್ಟರರು ವಿಷಮಜ್ವರ ಎಂದರು. ಕಡಿಮೆಯಾಗದೆ ವಿಜಾಪುರದ ಆಸ್ಪತ್ರೆಗೆ ಒಯ್ದರು. ಅವಳು ಮಲಗಿದ ದಿನ ಗೋಡೆಯ ಬೊಟ್ಟು ಎರಡುಬಾವಿಯಲ್ಲಿತ್ತು. ಅಲ್ಲಿ ಒಂದು ಬಾವಿಯೊಳಗಿನಿಂದ ಯಾರೋ ಹೆಸರು ಹಿಡಿದು ಕರೆದ ಹಾಗಾಯಿತು ಎನ್ನುವಲ್ಲಿಗೆ ಕಥೆ ನಿಂತಿತ್ತು. ಮುಂದಿನ ಶನಿವಾರ ಮಕ್ಕಳು ಕಿವಿ ನಿಮಿರಿಸಿ ಕುಳಿತರೆ ಮಾಸ್ತರರು, ನೀಲವ್ವ ಎದ್ದಿಲ್ಲ, ಹೀಗಾಗಿ ನಾಡು ನಿಂತಿದೆ ಎಂದಷ್ಟೇ ಹೇಳಿ ಮಗ್ಗಿ ಕೇಳತೊಡಗಿದರು. ಅದರ ಮುಂದಿನ ಶನಿವಾರವೂ ಅದೇ. ಬೊಟ್ಟು ಮಾಸಿದರೆ ಅದೇ ಜಾಗದಲ್ಲಿ ಮತ್ತೆ ತೀಡುತ್ತಿದ್ದರು.

ಆಸ್ಪತ್ರೆಯಿಂದ ಅವಳನ್ನು ಮನೆಗೆ ಕರೆತಂದಾಗ ಜ್ವರ ಹೋಗಿತ್ತು. ಆದರೆ ಕಾಲು ಕಡ್ಡಿಯಾಗಿದ್ದವು, ಕೂದಲು ಉದುರಿ ತಲೆ ಬೋಳಿಸಿದ್ದರು. ಇನ್ನು ಮೆಲ್ಲಗೆ ನಡೆಸಿರಿ ಎಂದು ಡಾಕ್ಟರರು ಹೇಳಿ ಕಳಿಸಿದ್ದರೂ ಅವಳು ಗೋಡೆಗೆ ಮುಖ ಮಾಡಿ ಮಲಗಿದವಳು ಏಳಲಿಲ್ಲ. ಉಣ್ಣಲೂ ಇಲ್ಲ. ನಾನು ನೋಡಲು ಹೋದಾಗ ತಂದೆ, ಹೆಣ್ಣುಮಗಳಿಗೆ ಕಲಿತದ್ದು ಸಾಕು, ಇನ್ನು ಸಾಲಿ ಬಿಡಿಸಿದ್ದೇವೆ, ಜೀವ ಒಂದು ಉಳಿದರೆ ಸಾಕು ಎಂದರು. ಕೆಟ್ಟ ಮನುಷ್ಯರಲ್ಲ. ಹೇಳುವಾಗ ಮಗಳ ಹೊದಿಕೆಯನ್ನು ಸರಿಪಡಿಸುತ್ತಿದ್ದರು.

ಅವಳ ಮನೆಗೆ ಮೊದಲು ಹೋದವನು ಸಿದ್ದ್ಯಾ. ಕನಿಕರದಿಂದೇನೂ ಅಲ್ಲ, ಕಥೆ ನಿಂತ ಸಿಟ್ಟಿಗೆ. ಹಾಸಿಗೆಯ ಹತ್ತಿರ ನಿಂತು, ನಿನ್ನ ಸಲುವಾಗಿ ಇಡೀ ನಾಡು ಬಾವಿಯ ಹತ್ತಿರ ಕೂತಿದೆ, ಎದ್ದೇಳು ಎಂದು ದಬಾಯಿಸಿದನಂತೆ. ನೀಲವ್ವ ಅತ್ತುಬಿಟ್ಟಳು. ತಾಯಿ ಅವನನ್ನು ಬೈದು ಕಳಿಸಿದಳು. ಆದರೆ ಅವನು ಮರುದಿನ ಮತ್ತೆ ಮೂವರನ್ನು ಕರೆದುಕೊಂಡು ಹೋದಾಗ ಅವಳು ಮುಖ ತಿರುಗಿಸದೆಯೇ ಒಂದು ಮಾತು ಕೇಳಿದಳು: ಕೂತವರು ಏನು ಮಾಡುತ್ತಿದ್ದಾರೆ?

ಅದು ಯಾರಿಗೂ ಗೊತ್ತಿರಲಿಲ್ಲ. ಗೊತ್ತಿಲ್ಲ ಎಂದು ಹೇಳಲು ಸಿದ್ದ್ಯಾನಿಗೆ ಮನಸ್ಸು ಬರಲಿಲ್ಲ. ಕಂಬಳಿ ಒಗೆಯುತ್ತಿದ್ದಾರೆ ಎಂದ. ಇನ್ನೊಬ್ಬಳು, ಚಪ್ಪಲಿ ಹೊಲಿದುಕೊಳ್ಳುತ್ತಿದ್ದಾರೆ ಎಂದಳು. ಅವತ್ತಿನಿಂದ ಅದೊಂದು ಕೆಲಸವೇ ಆಯಿತು. ಸಾಲಿ ಬಿಟ್ಟೊಡನೆ ಮಕ್ಕಳೆಲ್ಲ ನೀಲವ್ವನ ಪಡಸಾಲೆಯಲ್ಲಿ. ನಾನೂ ಪಾಠ ಹೇಳಿಕೊಡುವ ನೆಪದಲ್ಲಿ ಹೋಗಿ ಕೂರುತ್ತಿದ್ದೆ. ನಿಂತ ನಾಡಿನಲ್ಲಿ ಎರಡು ಮನೆಯವರು ಜಗಳಾಡಿ ರಾಜಿಯಾದರು. ಒಂದು ಕೂಸು ಹುಟ್ಟಿತು. ಅದಕ್ಕೆ ಎರಡುಬಾವಿ ಬಿಟ್ಟರೆ ಬೇರೆ ಜಗತ್ತೇ ಗೊತ್ತಿಲ್ಲ. ಹಿಂಬಾಲಿಸಲು ಯಾರೂ ನಡೆಯದ್ದರಿಂದ ಎರಡೂ ಚಂದ್ರ ಬಾವಿಕಟ್ಟೆಯ ಪಕ್ಕ ಮಲಗಿ ಮೈ ಬಂದು ಹಿಗ್ಗಿವೆ ಎಂದು ಒಂದು ಸಣ್ಣ ಹುಡುಗಿ ಹೇಳಿದಾಗ ನೀಲವ್ವ ಮೊದಲ ಸಲ ನಮ್ಮ ಕಡೆ ತಿರುಗಿದಳು.

“ಅವಕ್ಕ ಊಟಕ್ಕ ಏನ ಹಾಕ್ತಾರ?” ಎಂದು ಕೇಳಿದಳು.

ಇದನ್ನು ಮಾಸ್ತರರಿಗೆ ಹೇಳಿದೆ. ಅವರು ಹಲಗೆ ಒರೆಸುತ್ತಿದ್ದವರು ಅಲ್ಲಿಗೇ ಕೈ ನಿಲ್ಲಿಸಿದರು. ಚಂದ್ರಗಳ ಮಾತು ತಮಗೆ ಹೊಳೆದಿರಲಿಲ್ಲ ಎಂದರು. ಮುಖದಲ್ಲಿ ಅಂಥ ಸಂತೋಷವನ್ನು ನಾನು ಮತ್ತೆ ಕಾಣಲಿಲ್ಲ. ತಾವು ನೆಟ್ಟ ಗಿಡದಲ್ಲಿ ತಮಗೇ ಗೊತ್ತಿಲ್ಲದ ಹಣ್ಣು ಬಿಟ್ಟದ್ದನ್ನು ಕಂಡವರ ಹಾಗಿದ್ದರು.

ಆದರೆ ದೀಪಾವಳಿ ಕಳೆಯಿತು. ನೀಲವ್ವ ಮಾತಾಡುತ್ತಿದ್ದಳು, ಒಂದಿಷ್ಟು ಗಂಜಿ ಕುಡಿಯುತ್ತಿದ್ದಳು. ಕಾಲು ಮಾತ್ರ ನೆಲಕ್ಕಿಡುತ್ತಿರಲಿಲ್ಲ. ನಡುವೆ ಒಮ್ಮೆ ಜ್ವರ ಮರುಕಳಿಸಿ ಮನೆಯವರು ಕೈಬಿಟ್ಟಂತೆ ಕುಳಿತರು. ನನಗೆ ದಿಗಿಲಾಯಿತು. ಈ ಹುಡುಗಿಗೆ ಏನಾದರೂ ಆದರೆ ಅದು ಅವಳ ಮನೆಯವರ ದುಃಖ ಮಾತ್ರವಲ್ಲ, ಇಷ್ಟು ಮಕ್ಕಳ ಲೋಕವೇ ಅಲ್ಲಿ ನಿಂತುಹೋಗುತ್ತದೆ. ಹೆಡ್‌ಮಾಸ್ತರರಿಗೂ ಅದೇ ಚಿಂತೆ. ಅವರು ಸಮಾಧಾನದ ಮನುಷ್ಯರು, ಆ ಗೋಡೆಯ ಬಗ್ಗೆ ಎಂದೂ ಎದುರು ಮಾತಾಡಿದವರಲ್ಲ. ಒಂದು ಸಂಜೆ ನಾವು ಮೂವರೇ ಇದ್ದಾಗ ಕೇಳಿಯೇ ಬಿಟ್ಟರು.

“ಮಾಸ್ತರ್ರ, ಆ ಹುಡಿಗಿ ಏಳದಿದ್ರ?”

“ಹಂಗಾದ್ರ ನಾವೂ ಅಲ್ಲೇ ಇರ್ತೇವ್ರಿ.”

ಮಕ್ಕಳ ತಲೆಯ ಮೇಲೆ ಇಷ್ಟು ಭಾರ ಹೊರಿಸುವುದು ಸರಿಯೇ, ಮೆಲ್ಲಗೆ ಬೊಟ್ಟನ್ನು ಮುಂದಕ್ಕೆ ಸರಿಸಿದರೆ ಅವರೂ ಮೆಲ್ಲಗೆ ಮರೆಯುತ್ತಾರೆ ಎಂದು ನಾನು ಹೇಳಿದೆ.

“ಬಿಟ್ಟ ಹೋಗೂದ ಕಲಿಸಾಕ ಮಂದಿ ಭಾಳ ಅದಾರ್ರಿ ಅಕ್ಕೋರ,” ಎಂದರು ಮಾಸ್ತರರು.

ಮುಂದೆ ನಾವು ಆ ಮಾತು ಎತ್ತಲಿಲ್ಲ. ಅವರು ಮಾತ್ರ ಅಂದಿನಿಂದ ದಿನವೂ ನೀಲವ್ವನ ಮನೆಗೆ ಹೋಗಿ ಹೊಸ್ತಿಲ ಹೊರಗೆ ನಿಲ್ಲುತ್ತಿದ್ದರು. ಒಳಗೆ ಮಕ್ಕಳು ಹೇಳುವುದನ್ನು ಕೇಳಿಸಿಕೊಂಡು ಹಾಗೇ ಹೋಗುತ್ತಿದ್ದರು.

ಎಳ್ಳಮಾವಾಸ್ಯೆಗೆ ಊರವರೆಲ್ಲ ಬುತ್ತಿ ಕಟ್ಟಿಕೊಂಡು ಬೆಳೆಯ ಮೇಲೆ ಎಡೆ ಎರಚುವ ಚರಗಕ್ಕೆಂದು ಹೊಲಕ್ಕೆ ಹೋದರು. ನೀಲವ್ವನನ್ನೂ ಗಾಡಿಯಲ್ಲಿ ಕೂಡ್ರಿಸಿಕೊಂಡು ಹೋದರಂತೆ. ಅಲ್ಲಿ ತೆನೆ ತುಂಬಿದ ಬಿಳಿಜೋಳದ ನಡುವೆ ಮಕ್ಕಳೆಲ್ಲ ಓಡಾಡುವುದನ್ನು ನೋಡುತ್ತ ಕುಳಿತಿದ್ದವಳು, ತಾಯಿ ಅತ್ತ ತಿರುಗಿದಾಗ ಗಾಡಿಯ ಗಾಲಿ ಹಿಡಿದು ಇಳಿದು ನಿಂತಿದ್ದಳು. ಹೇಗೆ ಇಳಿದೆ ಎಂದರೆ, ಆ ಕೂಸು ಎಷ್ಟು ದಿನ ಬಾವಿಯ ಹತ್ತಿರವೇ ಇರಬೇಕು, ಅದಕ್ಕೆ ನೀಲಿಹೊಳೆ ತೋರಿಸಬೇಕಲ್ಲ ಎಂದಳಂತೆ. ತಾಯಿಗೆ ಈ ಮಾತಿನ ತಲೆಬುಡ ತಿಳಿಯಲಿಲ್ಲ. ತಿಳಿಯದಿದ್ದರೂ ಅವಳನ್ನು ತಬ್ಬಿಕೊಂಡು ಹೊಲದಲ್ಲೇ ಕೂತು ಅತ್ತಳು.

ಮುಂದೆ ಕೆಲವು ದಿನಗಳಲ್ಲಿ ಇಬ್ಬರು ಗೆಳತಿಯರ ಹೆಗಲು ಹಿಡಿದು ಅವಳು ಸಾಲಿಗೆ ಬಂದಳು. ತಂದೆ ಹಿಂದೆ ಹಿಂದೆಯೇ ಬಂದು ಬಾಗಿಲಲ್ಲಿ ನಿಂತರು. ತಲೆಗೆ ತಾಯಿಯ ಸೀರೆಯ ತುಂಡು ಕಟ್ಟಿಕೊಂಡಿದ್ದಳು, ಅದರ ಕೆಳಗೆ ಕೂದಲು ಆಗತಾನೆ ಚಿಗುರಿತ್ತು. ವರ್ಗ ಎದ್ದುನಿಂತಿತು. ಮಾಸ್ತರರು ಸುಣ್ಣದ ಕಡ್ಡಿಯನ್ನು ಅವಳ ಕೈಗೆ ಕೊಟ್ಟರು. ಅವಳು ಹಿಂದಿನ ಗೋಡೆಯವರೆಗೆ ಯಾರ ಕೈಯನ್ನೂ ಹಿಡಿಯದೆ ಹೋದಳು. ಅಂಗೈಯಿಂದ ಹಳೆಯ ಬೊಟ್ಟನ್ನು ಒರೆಸಿ, ಪಿಸುಗಲ್ಲಿನ ದಾರಿಯಲ್ಲಿ ಹೊಸದನ್ನು ಇಟ್ಟಳು. ಸರಿಸಿದ ತಟ್ಟಿಯ ಈಚೆ ನನ್ನ ಮಕ್ಕಳೂ ಉಸಿರು ಹಿಡಿದು ನಿಂತಿದ್ದರು. ಆ ಗಳಿಗೆಯಲ್ಲಿ ಆ ನಾಡು ಹೊರಟಿತು. ಕಂಬಳಿ ಕೊಡವಿದ್ದು, ಕೂಸನ್ನು ಬೆನ್ನಿಗೆ ಕಟ್ಟಿದ್ದು, ಸೋಮಾರಿ ಚಂದ್ರಗಳು ಮೈಮುರಿದು ಎದ್ದದ್ದು ನನಗೆ ಕಂಡಿತು. ಹಾಗೆಂದರೆ ಯಾರೂ ನಂಬಲಿಕ್ಕಿಲ್ಲ, ಕಂಡದ್ದನ್ನು ಬರೆಯುತ್ತಿದ್ದೇನೆ.

ಆಮೇಲೆ ಸಿದ್ದ್ಯಾ, ಬಾವಿಯೊಳಗಿನಿಂದ ಕರೆದವರು ಯಾರು ಎಂದು ಕೇಳಿದ. ಮಾಸ್ತರರು ತಬ್ಬಿಬ್ಬಾದರು. ಇಷ್ಟು ದಿನದಲ್ಲಿ ಅದು ಅವರಿಗೆ ಮರೆತೇಹೋಗಿತ್ತು. ನೀಲವ್ವ ಕೈ ಎತ್ತಿ, ನನಗೆ ಗೊತ್ತು, ಮಲಗಿದ್ದಾಗ ಯೋಚಿಸಿದ್ದೇನೆ ಎಂದಳು. ಮಾಸ್ತರರು ಮಕ್ಕಳ ನಡುವೆ ಜಾಗ ಮಾಡಿಕೊಂಡು ನೆಲದ ಮೇಲೆ ಕುಳಿತರು. ಅವಳು ಮುಂದೆ ನಿಂತು ಕಥೆ ಹೇಳಿದಳು. ಬಾಗಿಲಲ್ಲಿದ್ದ ಅವಳ ತಂದೆ ಮುಗಿಯುವವರೆಗೂ ಕೇಳಿ, ಹೋಗುವಾಗ ನನ್ನ ಹತ್ತಿರ ಬಂದು, ಅವಳ ಹೆಸರು ಸಾಲಿಯಿಂದ ತೆಗೆಯಬೇಡಿರಿ ಎಂದರು.

ಜೋಳದ ಕೊಯ್ಲು ಮುಗಿದ ಮೇಲೆ ಮಾಸ್ತರರ ಮನೆತನದ ಕುರಿಹಿಂಡು ನಮ್ಮ ಊರಿನ ಹೊಲಗಳಲ್ಲಿ ಒಂದೆರಡು ದಿನ ತಂಗಿತ್ತು. ಹಿಂಡಿನ ಜೊತೆ ಅವರ ತಾಯಿಯೂ ಇದ್ದಳು. ಮಾಸ್ತರರದು ಒಂಟಿ ಬಾಳು. ಊಟಕ್ಕೆ ಇಬ್ಬರೂ ನಮ್ಮ ಮನೆಗೇ ಬರಲಿ ಎಂದು ಹೇಳಿ ಕಳಿಸಿದೆ. ಮುದುಕಿ ಮೊದಲೇ ಬಂದಳು. ಹೆಗಲ ಮೇಲಿನ ಕಂಬಳಿ ಇಳಿಸದೆ ಬಾಗಿಲ ಹತ್ತಿರವೇ ಕುಳಿತು ರೊಟ್ಟಿ, ಶೇಂಗಾ ಹಿಂಡಿ, ಮೊಸರು ಉಂಡಳು. ಮಗನ ಬಗ್ಗೆ ಹೇಳಬೇಕೆಂಬ ಹುರುಪಿಗೆ ನಾನು ಸುತ್ತುನಾಡು, ನೀಲವ್ವ, ನಿಂತ ತಾರೀಖು ಎಲ್ಲವನ್ನೂ ಹೇಳಿದೆ. ಆಕೆ ತಟ್ಟೆಯಲ್ಲಿ ಕೈಯಿಟ್ಟುಕೊಂಡೇ ಕೇಳಿದಳು. ಆಮೇಲೆ, ಇವನಿಗೊಬ್ಬ ತಂಗಿ ಇದ್ದಳು ಎಂದಳು.

ಹಿಂಡು ಕೃಷ್ಣೆಯ ಕಡೆ ಹೊರಟಾಗ ಆ ಹುಡುಗಿಗೆ ಜ್ವರ ಬಂದಿತ್ತು. ನಡೆಯಲಾರಳು. ಹಿಂದಿನ ಹೊಲಗಳಲ್ಲಿ ಹುಲ್ಲು ಮುಗಿದಿತ್ತು. ನಿಂತರೆ ಕುರಿ ಉಳಿಯುವುದಿಲ್ಲ. ಮುದ್ದೇಬಿಹಾಳದ ಈಚೆಯ ಒಂದು ಹಳ್ಳಿಯಲ್ಲಿ ಪರಿಚಯದವರ ಮನೆಯಲ್ಲಿ ಅವಳನ್ನು ಬಿಟ್ಟು ಹೋದರು. ತಿರುಗಿ ಬಂದಾಗ ಆ ಮನೆಯವರು ಊರ ಹೊರಗೆ ಕರೆದೊಯ್ದು ಕಲ್ಲಿನ ಗುಪ್ಪೆ ತೋರಿಸಿದರು.

“ಬಿಡುವಾಗ ಇವ ಆಕಿ ಕೈ ಹಿಡಕೊಂಡ ಕುಂತಿದ್ದ. ಇವರಪ್ಪ ಕೈ ಬಿಡಿಸಿ ಎಳಕೊಂಡ ಬಂದ,” ಎಂದಳು ಆಕೆ. “ನಿಂದರಬೇಕಾಗಿತ್ತು ಅಂತ ಇವತ್ತಿನ ತನಕಾ ಒಂದ ಮಾತ ನಮಗ ಅಂದಿಲ್ಲರಿ ಯವ್ವಾ.”

ಅಷ್ಟರಲ್ಲಿ ಮಾಸ್ತರರು ಬಂದರು. ನಮ್ಮ ಮುಖ ನೋಡಿ ಅವರಿಗೆ ತಿಳಿದಿರಬೇಕು. ಒಳಗೆ ಬರದೆ ಹೊಸ್ತಿಲಲ್ಲೇ ನಿಂತರು. ಮುದುಕಿ ತಲೆ ಎತ್ತಿ ಮಗನನ್ನು ಕೇಳಿದಳು:

“ಅಕ್ಕೋರು ಹೇಳಿದ್ರು ನಿನ್ನ ನಾಡಿಂದು. ಎಲ್ಲಾರೂ ನಿಂತ್ರ ಕುರಿಗೆ ಮೇವು ಎಲ್ಲಿಂದ ಬರ್ತೈತೋ?”

ಅವರು ಆಕೆಯ ಮುಂದೆ ಕುಕ್ಕರುಗಾಲಲ್ಲಿ ಕುಳಿತರು.

“ಅಲ್ಲಿ ಮಂದಿ ನಿಂತ ಜಾಗಾದಾಗ ಹುಲ್ಲು ಮುಗಿಯಂಗಿಲ್ಲವ್ವಾ. ಅದನ್ನ ಮೊದಲ ಮಾಡೇನಿ. ಉಳಿದಿದ್ದೆಲ್ಲಾ ಆಮ್ಯಾಲೆ.”

ಮುದುಕಿ ಮಗನ ಮುಖವನ್ನು ನೋಡಿದಳು. ಎಂಜಲು ಕೈ ಹಾಗೇ ಇತ್ತು. ಎಡಗೈಯನ್ನು ಚಾಚಿ ಅವನ ಮೊಣಕಾಲಿನ ಮೇಲಿಟ್ಟಳು.

“ಹಂಗಿದ್ದಿದ್ರ ನಾನೂ ನಿಂದರ್ತಿದ್ನೋ ಯಪ್ಪಾ,” ಎಂದಳು.

ಹೊರಗೆ, ಹಿಂಡಿನ ಹತ್ತಿರವಿದ್ದ ಆಕೆಯ ಹಿರಿಯ ಮಗ ಬಂದು ಕುರಿ ಎದ್ದಿವೆ, ಹೊರಡೋಣ ಎಂದು ಕೂಗಿದ. ಮತ್ತೊಮ್ಮೆ ಕೂಗಿದ. ಆಕೆ ಕೈ ತೆಗೆಯಲಿಲ್ಲ, ಏಳಲೂ ಇಲ್ಲ.